ಪೋಷಕ ಪಾರ್ಟಿನವರ ತಾಲೀಮಿಗೆ ಜಪಾನಿ ನಟ ಕಾಟೋ ದಾಯ್‌ಸುಕೆ: ಯಾವ ಸಿನಿಮಾ, ಯಾವ ಸೀನು, ಯಾವ ಕ್ರಮ?

ಗುಮ್ಮಟದ ಓಣಿ, ವಿಜಯಪುರ:

ಎಲ್ಲಾರಿಗೂ ನಮಸ್ಕಾರ್ರಿ. ನಮ್ಮ ಹವ್ಯಾಸಿ ನಾಟಕ ಸಂಘದಿಂದ ಎರಡು ದಿನದ ಶಿಬಿರ ಇಡೋರಿದ್ದೀವಿ. ನಾಯಕ-ನಾಯಕಿ ಪಾರ್ಟಿನವರಿಗಲ್ಲ, ಮಂತ್ರಿ, ಗೆಳೆಯ, ಆಳು, ದಳಪತಿ, ಮಾವ ಇಂಥಾ ಪಾರ್ಟು ಕಟ್ಟೋ ಹದಿನಾಲ್ಕು ಮಂದಿಗಷ್ಟ. ಅವರೊಳಗ ಐದು ಮಂದಿ ಹೆಣ್ಮಕ್ಕಳು.

ಬಿಡಿಸಬೇಕಾದ ರೂಢಿ ಒಂದದ. ಮೈಕಿನ ಕೆಳಗ ಬಂದು ತನ್ನ ಮಾತು ಒಪ್ಪಿಸೂದು, ಹಿಂದ ಸರದು ನಿಂತ ಮ್ಯಾಲೆ ಮುಂದಿನ ಮಾತು ಬರೂತನಕ ಕಂಬದಂಗ ನಿಂದ್ರೂದು. ಕಂಪನಿ ನಾಟಕದಾಗ ಮೈಕು ತೂಗು ಹಾಕಿದ ಕಾಲದಿಂದ ಬಂದದ್ದಿದು. ಬಾಯಿಂದ ಹೇಳಿದ್ರ ಹೋಗಂಗಿಲ್ಲ, ಕಣ್ಣಿಲೆ ನೋಡಿದ್ರ ಹೋದೀತು ಅಂತ ಸಿನಿಮಾ ತೋರಿಸೋ ವಿಚಾರ. ನಾಯಕನ ಬಾಜೂಕ ನಿಂತು ಜನ್ಮ ಕಳದ ಒಬ್ಬ ನಟನ್ನ ಹಿಡಿದು ಅವನ ನಾಲ್ಕೈದು ಪಾರ್ಟು ಒಂದರ ಪಕ್ಕ ಒಂದು ಇಟ್ಟು ತೋರಿಸಬೇಕು. ಕಾಟೋ ದಾಯ್‌ಸುಕೆ ಹೆಸರು ತಲಿಯೊಳಗದ. ಶಿಮುರಾ ತಕಾಶಿ ಇನ್ನೂ ಛಲೋ ಅಂತಾರ ಕೆಲವರು. ಯಾರು ಸರಿ? ಯಾವ ಸಿನಿಮಾ ಮೊದಲು, ಯಾವುದು ಆಮ್ಯಾಲೆ? ಯುದ್ಧಕ್ಕಿಂತ ಮೊದಲಿನ ಸಿನಿಮಾದಾಗ ಕಾಟೋ ಅವರ ಹೆಸರೇ ಸಿಗವಲ್ಲದು, ಅದ್ಯಾಕ? ಪರದೆ ಮ್ಯಾಲೆ ಕನ್ನಡ ಸಾಲು (ಸಬ್‌ಟೈಟಲ್) ಹಾಕೂದು ಹ್ಯಾಂಗ ಅನ್ನೂದೂ ತಿಳಿಸ್ರಿ.

ಕೋಟೆ ಕೆರೆ ದಂಡೆ, ಬೆಳಗಾವಿ:

ಕಾಟೋ ಅವರನ್ನೇ ಹಿಡಿಯಿರಿ ಸರ್. ಮೊದಲು ಹೆಸರಿನ ತೊಡಕು ಬಿಡಿಸುತ್ತೇನೆ, ಹುಡುಕುವವರು ಎಡವುವುದು ಅಲ್ಲೇ. ಜಪಾನಿನಲ್ಲಿ ಮನೆತನದ ಹೆಸರು ಮೊದಲು ಬರುತ್ತದೆ. ಇವರ ಹುಟ್ಟು ಹೆಸರು ಕಾಟೋ ತೊಕುನೊಸುಕೆ. ಆ ‘ಕಾಟೋ’ದ ಎರಡನೆಯ ಚಿತ್ರಾಕ್ಷರ ನೇರಳೆ ಗೊಂಚಲಿನ ಒಂದು ಹೂಬಳ್ಳಿಯದು, ಜಪಾನಿನಲ್ಲಿ ತೀರಾ ಸಾಮಾನ್ಯ ಮನೆತನ. ತೆರೆಯ ಹೆಸರಿನಲ್ಲಿ ಉಚ್ಚಾರ ಅದೇ ಉಳಿದು, ಎರಡನೆಯ ಅಕ್ಷರ ಮಾತ್ರ ‘ಪೂರ್ವ ದಿಕ್ಕು’ ಎಂಬುದಾಗಿದೆ. ಬಳ್ಳಿಯ ಅಕ್ಷರ ಹಾಕಿ ಹುಡುಕಿದರೆ ಬೇರೆ ಯಾರೋ ಸಿಗುತ್ತಾರೆ. ಯುದ್ಧಕ್ಕೆ ಮೊದಲಿನ ಚಿತ್ರಗಳಲ್ಲಂತೂ ಅವರು ಇಚಿಕಾವಾ ಎಂಜಿ. ಯಾಮಾನಾಕಾ ಸದಾಓ 1937ರಲ್ಲಿ ಮಾಡಿದ ‘ನಿಂಜೋ ಕಾಮಿಫುಸೆನ್’, ಅಂದರೆ ‘ಮನುಷ್ಯಪ್ರೀತಿ, ಕಾಗದದ ಬಲೂನು’, ಚಿತ್ರದಲ್ಲಿ ಆ ಹೆಸರಿನಿಂದಲೇ ಇದ್ದಾರೆ. ನಿಮಗೆ ಸಿಗದಿರುವುದು ಅದಕ್ಕೇ.

ಹುಟ್ಟಿದ್ದು 1911ರಲ್ಲಿ, ಟೋಕಿಯೋದ ಅಸಾಕುಸಾದಲ್ಲಿ, ಕಬುಕಿ ಎಂಬ ಜಪಾನಿನ ಸಾಂಪ್ರದಾಯಿಕ ರಂಗಕ್ಕೆ ಸೇರಿದ ಮನೆಯಲ್ಲಿ. ಅಣ್ಣ ಸಾವಾಮುರಾ ಕುನಿತಾರೋ, ಅಕ್ಕ ಸಾವಾಮುರಾ ಸದಾಕೊ, ಇಬ್ಬರೂ ನಟರು. ಇವರು ಬೆಳೆದದ್ದು ಝೆನ್‌ಶಿನ್‌ಝಾ ತಂಡದಲ್ಲಿ. ಕಬುಕಿಯ ಮನೆತನದ ಮೇಲು-ಕೀಳು ಒಲ್ಲದ ನಟರು 1931ರಲ್ಲಿ ಕಟ್ಟಿಕೊಂಡ ತಂಡ ಅದು. ನಾಟಕವನ್ನೂ ಆಡುತ್ತಿತ್ತು, ಇಡೀ ತಂಡವಾಗಿ ಸಿನಿಮಾದಲ್ಲೂ ನಟಿಸುತ್ತಿತ್ತು. ಏಣಗಿ ಬಾಳಪ್ಪನವರ ಕಲಾವೈಭವದಂಥ ಕಂಪನಿಗಳನ್ನು ಬಲ್ಲ ನಮ್ಮ ಸೀಮೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಪಕ್ಕದ ಪಾರ್ಟಿನವ ಸಡಿಲಾದರೆ ಇಡೀ ಸೀನು ಬೀಳುತ್ತದೆ ಎಂಬ ಎಚ್ಚರ ಅಂಥ ಕಡೆ ಚಿಕ್ಕಂದಿನಲ್ಲೇ ಮೈಗೆ ಹತ್ತುತ್ತದೆ.

ಈಗ ಕ್ರಮ. ಎಲ್ಲಕ್ಕಿಂತ ಮೊದಲು ‘ರಾಶೊಮೊನ್’, 1950. ಕಳ್ಳನನ್ನು ಹಿಡಿದು ತಂದವನ ಪಾತ್ರ ಇವರದು. ಅಂಗಳದಲ್ಲಿ ಕುಳಿತು ಸಾಕ್ಷಿ ಹೇಳುತ್ತಾನೆ, ಪಕ್ಕದಲ್ಲಿ ಹಗ್ಗ ಬಿಗಿದ ಆ ಕಳ್ಳ, ಅಂದರೆ ನಟ ಮಿಫುನೆ ತೊಶಿರೊ. ಪ್ರಶ್ನೆ ಕೇಳುವ ಅಧಿಕಾರಿ ತೆರೆಯ ಮೇಲೆ ಇಲ್ಲವೇ ಇಲ್ಲ, ದನಿಯೂ ಇಲ್ಲ. ಇವರು ಕ್ಯಾಮೆರಾ ಕಡೆ ಮುಖ ಮಾಡಿ ಉತ್ತರ ಕೊಡುತ್ತಾರೆ, ಪ್ರಶ್ನೆ ಏನಿತ್ತೆಂದು ನಮಗೆ ಉತ್ತರದಿಂದಲೇ ಗೊತ್ತಾಗುತ್ತದೆ. ಇಲ್ಲದವನ ಮಾತು ಕೇಳಿಸಿಕೊಳ್ಳುವುದು ಹೇಗೆ ಎಂಬುದಕ್ಕೆ ಇಷ್ಟು ಚಿಕ್ಕ, ಇಷ್ಟು ಶುದ್ಧ ಮಾದರಿ ನನಗೆ ಇನ್ನೊಂದು ಗೊತ್ತಿಲ್ಲ. ಕೆಲವೇ ನಿಮಿಷ, ಮೂರು ಸಲ ತೋರಿಸಿರಿ.

ಆಮೇಲೆ 1954ರ ‘ಸೆವೆನ್ ಸಮುರಾಯ್’, ಅಂದರೆ ‘ಏಳು ಯೋಧರು’. ಶಿಚಿರೋಜಿ ಎಂಬ ಪಾತ್ರ, ನಾಯಕ ಕಾಂಬೆಯ ಹಳೆಯ ಜೊತೆಗಾರ. ಏಳು ಮಂದಿಯಲ್ಲಿ ಅತಿ ಕಡಿಮೆ ಹೊಳೆಯುವವನು ಇವನೇ: ಕತ್ತಿಯ ಕೈಚಳಕ ಇಲ್ಲ, ಹಾಸ್ಯ ಇಲ್ಲ, ಪ್ರೇಮ ಇಲ್ಲ. ಆದರೂ ಕೊನೆಗೆ ಉಳಿಯುವ ಮೂವರಲ್ಲಿ ಒಬ್ಬ. ಪಟ್ಟಣದಲ್ಲಿ ಕಾಂಬೆ ಇವನನ್ನು ಮತ್ತೆ ಕಂಡು, ಉರಿಯುವ ಕೋಟೆ ಮೈಮೇಲೆ ಬಿದ್ದಾಗ ಹೇಗಿತ್ತೆಂದು ಕೇಳುತ್ತಾನೆ. ಇನ್ನೊಂದು ಯುದ್ಧ ಇದೆ, ಹಣವಿಲ್ಲ, ಹೆಸರಿಲ್ಲ, ಬರುತ್ತೀಯಾ ಅನ್ನುತ್ತಾನೆ. ಕಾಟೋ ಇಲ್ಲಿ ಬಹುತೇಕ ಏನೂ ಮಾಡುವುದಿಲ್ಲ. ಕೇಳುತ್ತಾರೆ, ಒಪ್ಪುತ್ತಾರೆ, ಈ ಸಲ ಸತ್ತೇವು ಎಂಬ ಮಾತಿಗೆ ನಗುತ್ತಾರೆ. ಆ ನಗುವಿನಿಂದ ದೊಡ್ಡವನಾಗುವವನು ಕಾಂಬೆ. ಇಂಥವನು ಎರಡು ಮಾತಿಗೆ ಎದ್ದು ಬರುವನೆಂದರೆ ಕರೆದವನು ಎಂಥವನಿರಬೇಕು ಎಂದು ನೋಡುವವರಿಗೆ ಅನಿಸುತ್ತದೆ. ಪೋಷಕ ಪಾತ್ರದ ಕೆಲಸ ಇದು. ಉಳಿದೆಲ್ಲ ಮರೆತರೂ ನಿಮ್ಮ ಹದಿನಾಲ್ಕು ಮಂದಿಗೆ ಈ ಒಂದು ಸೀನು ನೆನಪಿರಲಿ.

ಕೊನೆಯ ಕಾಳಗವನ್ನು ಬೇರೆ ಕಾರಣಕ್ಕೆ ತೋರಿಸಿರಿ. ನಿರ್ದೇಶಕ ಕುರೊಸಾವಾ ಅಲ್ಲಿ ಒಂದೇ ಸಲಕ್ಕೆ ಹಲವು ಕ್ಯಾಮೆರಾ ಓಡಿಸಿದರು, ದೂರದಿಂದ ಉದ್ದ ಲೆನ್ಸ್ ಹಾಕಿ. ಯಾವ ಕ್ಯಾಮೆರಾ ಯಾವಾಗ ಯಾರನ್ನು ಹಿಡಿಯುತ್ತದೆಂದು ನಟನಿಗೆ ಗೊತ್ತಾಗುವುದಿಲ್ಲ, ಹಾಗಾಗಿ ಮೂಲೆಯಲ್ಲಿದ್ದವನೂ ಮೊದಲಿಂದ ಕೊನೆತನಕ ಆಡಲೇಬೇಕು. ರಂಗದ ಮೇಲೆ ಪ್ರತಿ ಪ್ರೇಕ್ಷಕನೂ ಒಂದು ಕ್ಯಾಮೆರಾ. ನಿಮ್ಮ ಕಂಬದ ರೋಗಕ್ಕೆ ಮದ್ದು ಇಲ್ಲಿದೆ.

ಮೂರನೆಯದು ನಾರುಸೆ ಮಿಕಿಯೊ ಅವರ 1960ರ ‘ಒನ್ನಾ ಗಾ ಕೈದಾನ್ ಒ ಅಗರು ತೊಕಿ’, ಅಂದರೆ ‘ಹೆಣ್ಣು ಮೆಟ್ಟಿಲು ಹತ್ತುವಾಗ’. ಟೋಕಿಯೋದ ಗಿಂಝಾದಲ್ಲಿ ಬಾರ್ ನೋಡಿಕೊಳ್ಳುವ ವಿಧವೆಯ ಕಥೆ, ತಕಾಮಿನೆ ಹಿದೆಕೊ ನಾಯಕಿ. ಕಾಟೋ ಸೆಕಿನೆ ಎಂಬ ದುಂಡು ಮುಖದ ಗಿರಾಕಿ, ಕಾರ್ಖಾನೆ ಮಾಲೀಕನೆಂದು ಹೇಳಿಕೊಂಡವ. ಮದುವೆ ಮಾತು ತೆಗೆಯುತ್ತಾನೆ, ಆಕೆ ನಂಬುತ್ತಾಳೆ, ನಾವೂ ನಂಬುತ್ತೇವೆ. ಆಮೇಲೆ ಅವನಿಗೆ ಹೆಂಡತಿ-ಮಕ್ಕಳಿದ್ದಾರೆಂದು ತಿಳಿಯುತ್ತದೆ, ಅದೂ ಹೆಂಡತಿಯ ಬಾಯಿಂದ. ಇದನ್ನು ತುಂಡು ಮಾಡಿ ತೋರಿಸಬೇಡಿರಿ, ಪೂರ್ತಿ 111 ನಿಮಿಷ ಓಡಲಿ. ಅವರು ಮೋಸಗಾರನನ್ನು ಮೋಸಗಾರನಂತೆ ಆಡಿಲ್ಲ. ಕಳ್ಳನೋಟ ಇಲ್ಲ, ಓರೆನಗು ಇಲ್ಲ. ಸೆಕಿನೆಗೆ ಆ ಹೊತ್ತಿಗೆ ತನ್ನ ಮಾತು ನಿಜವೇ ಅನಿಸಿದಂತಿದೆ. ಪ್ರೇಕ್ಷಕರಿಗೆ ಮೊದಲೇ ಸುಳಿವು ಕೊಡುವ ಚಟ ನಮ್ಮ ಖಳ ಪಾರ್ಟಿನವರಲ್ಲಿ ಬಹಳ. ಈ ಚಿತ್ರ ನೋಡಿದ ಮೇಲೆ ಅದು ಬೇಡ ಅನಿಸುತ್ತದೆ.

‘ಯೋಜಿಂಬೊ’ 1961ರದು. ಕೂಡು ಹುಬ್ಬು, ಮುಂದಕ್ಕೆ ಚಾಚಿದ ಹಲ್ಲು, ಬುದ್ಧಿ ಮಂದ, ಮೈಯಲ್ಲಿ ಕಸುವು: ಇದರಲ್ಲಿ ಕಾಟೋ ಅವರ ಪಾತ್ರ ಇನೊಕಿಚಿ. ಇದನ್ನು ನಾಲ್ಕನೆಯದಾಗಿಯೇ ಇಡಿರಿ, ಮೊದಲಿಗೆ ಖಂಡಿತ ಬೇಡ. ಮೊದಲು ತೋರಿಸಿದರೆ ಮಂದಿ ಹುಬ್ಬು-ಹಲ್ಲು ಹಿಡಿದುಕೊಂಡು ಕೂಡುತ್ತಾರೆ, ಮರುದಿನ ತಾಲೀಮಿನಲ್ಲಿ ಎಲ್ಲರೂ ಹಲ್ಲು ಕಿರಿಯುತ್ತಾರೆ. ಶಿಚಿರೋಜಿಯನ್ನು ನೋಡಿದ ಕಣ್ಣಿಗೆ ಮಾತ್ರ ವೇಷದ ಕೆಳಗಿನ ಲೆಕ್ಕ ಕಾಣುತ್ತದೆ. ಇನೊಕಿಚಿಗೆ ಯಾವ ಮಾತೂ ಒಂದು ಕ್ಷಣ ತಡವಾಗಿ ತಲುಪುತ್ತದೆ, ತಲುಪಿದ ಮೇಲೆ ಪೂರ್ತಿ ನಂಬುತ್ತಾನೆ. ಗಾಯಗೊಂಡ ನಾಯಕ ಹೆಣದ ಪೆಟ್ಟಿಗೆಯಲ್ಲಿ ಅಡಗಿ ಪಾರಾಗುವಾಗ, ಹೊರುತ್ತಿದ್ದವ ಓಡಿಹೋದ ಜಾಗಕ್ಕೆ ಇವನೇ ಹೆಗಲು ಕೊಡುತ್ತಾನಲ್ಲ, ಆ ಸೀನು ನಗು ತರಿಸುವುದು ಅವನ ಮುಖದಲ್ಲಿ ನಗುವಿನ ಗೆರೆಯೂ ಇಲ್ಲದ್ದರಿಂದ.

ಕೊನೆಗೆ ಓಝು ಯಾಸುಜಿರೊ ಅವರ ಕಡೆಯ ಚಿತ್ರ, 1962ರ ‘ಸಾನ್ಮಾ ನೊ ಅಜಿ’, ‘ಸಾನ್ಮಾ ಮೀನಿನ ರುಚಿ’. ನೌಕಾದಳದಲ್ಲಿ ನಾಯಕನ ಕೈಕೆಳಗೆ ಇದ್ದು, ಈಗ ಕಾರು ರಿಪೇರಿ ಅಂಗಡಿ ಇಟ್ಟುಕೊಂಡ ಸಕಾಮೊತೊ ಇವರ ಪಾತ್ರ. ಹಳೆಯ ಕ್ಯಾಪ್ಟನ್ನರನ್ನು ಬಾರಿಗೆ ಕರೆದೊಯ್ದು, ನೌಕಾದಳದ ಕವಾಯತಿನ ಹಾಡಿನ ರೆಕಾರ್ಡು ಹಾಕಿಸಿ, ಸಲ್ಯೂಟ್ ಹೊಡೆಯುತ್ತ ಅತ್ತಿತ್ತ ಹೆಜ್ಜೆ ಹಾಕುತ್ತಾನೆ. ನಾವು ಗೆದ್ದಿದ್ದರೆ ಏನಾಗುತ್ತಿತ್ತು ಎಂದು ಸಕಾಮೊತೊ ತೆಗೆದ ಮಾತಿಗೆ, ಸೋತದ್ದೇ ಒಳ್ಳೆಯದಾಯಿತು ಎನ್ನುತ್ತಾನೆ ನಾಯಕ. ಸಕಾಮೊತೊ ಒಂದು ಗಳಿಗೆ ಯೋಚಿಸಿ ಒಪ್ಪುತ್ತಾನೆ. ಓಝು ಕ್ಯಾಮೆರಾ ನೆಲದ ಹತ್ತಿರ ಕೂತು ಅಲುಗುವುದಿಲ್ಲ, ನಟರನ್ನೂ ಅಳತೆ ಮೀರಲು ಬಿಡುವುದಿಲ್ಲ. ಅಷ್ಟು ಬಿಗಿಯೊಳಗೆ ಕಾಟೋ ಇಡೀ ಸೀನಿಗೆ ಕಾವು ಕೊಟ್ಟಿದ್ದಾರೆ.

ಐದೂ ಪೂರ್ತಿ ಕೂಡಿಸಿದರೆ 88, 207, 111, 110, 113, ಅಂದರೆ 629 ನಿಮಿಷ, ಹತ್ತೂವರೆ ತಾಸು. ಎರಡು ದಿನದಲ್ಲಿ ತಾಲೀಮೂ ಆಗಬೇಕಾದ್ದರಿಂದ ನಾರುಸೆ ಚಿತ್ರ ಮಾತ್ರ ಪೂರ್ತಿ, ಉಳಿದವು ಹತ್ತು-ಹದಿನೈದು ನಿಮಿಷದ ತುಣುಕು.

ಘಟಪ್ರಭಾ ನೀರು, ಬಾಗಲಕೋಟೆ:

ಬೆಳಗಾವಿ ಸರ್ ಹೇಳಿದ್ದು ಬರೋಬ್ಬರಿ ಐತಿ, ಆದ್ರ ಶಿಮುರಾ ಅವರನ್ನ ಒಂದ ಮಾತಿಗೆ ಬಿಟ್ಟುಬಿಡೂದು ಸರಿ ಅಲ್ಲ. ಕುರೊಸಾವಾ ಅವರ 30 ಚಿತ್ರದಾಗ 21ರೊಳಗ ಅವರದಾರ. 1954ರ ಒಂದ ವರ್ಷದಾಗ ಏಪ್ರಿಲ್‌ಕ್ಕ ಕಾಂಬೆ, ನವೆಂಬರ್‌ಕ್ಕ ‘ಗೊಡ್ಜಿಲ್ಲಾ’ದ ಪ್ರೊಫೆಸರ್ ಯಾಮಾನೆ. ಈ ಶಿಬಿರಕ್ಕ ಅವರನ್ನ ಇಟ್ಟರ ಬರೋ ತೊಡಕು ಏನಂದ್ರ, ‘ಇಕಿರು’ದಾಗ ಅವರ ನಾಯಕ, ‘ಸೆವೆನ್ ಸಮುರಾಯ್’ದಾಗ ಹೆಚ್ಚೂಕಡಿಮಿ ನಾಯಕ. ಮಂದಿ ನೋಡೂದು ಅವರನ್ನ ಅಷ್ಟ ಆಗತೈತಿ, ಬಾಜೂಕ ನಿಂದ್ರೋ ವಿದ್ಯೆ ಕಣ್ಣಿಗೆ ಬೀಳಂಗಿಲ್ಲ. ಶಿಮುರಾ ಬೇಕಂದ್ರ ‘ಯೋಜಿಂಬೊ’ದಾಗಿನ ಸಾರಾಯಿ ಸಾಹುಕಾರ ತೊಕುಎಮೊನ್ ನೋಡ್ರಿ. ಊರಾಗ ಬಡಿದಾಡೋ ಎರಡು ಬಣದಾಗ ಒಂದರ ಬೆನ್ನಿಗೆ ದುಡ್ಡು ಹಿಡಿದು ನಿಂತವ. ಸಣ್ಣ ಪಾರ್ಟು, ಅಂಥಾ ದೊಡ್ಡ ನಟ ತನ್ನ ದೊಡ್ಡಸ್ತಿಕಿ ಹೊರಗ ಬಿಟ್ಟು ಬಂದು ಆಡ್ಯಾರ. ಕಾಟೋ ಅದ ಸಿನಿಮಾದಾಗ ಇರೋದ್ರಿಂದ ಒಂದ ತುಣುಕಿನಾಗ ಇಬ್ಬರೂ ಸಿಗತಾರ.

ಪಟ್ಟಿಗೆ ಇನ್ನೊಂದು ಸೇರಿಸ್ರಿ. ಉಚಿದಾ ತೊಮು ಅವರ 1955ರ ‘ಚಿಯಾರಿ ಫುಜಿ’, 94 ನಿಮಿಷ. ಧಣಿ ಒಬ್ಬ, ಅವನ ಹಿಂದ ಇಬ್ಬರು ಆಳು: ಭರ್ಚಿ ಹೊರೋ ಗೊನ್‌ಪಾಚಿ ಆಗಿ ಕಾತಾವೋಕಾ ಚಿಏಝೊ, ಇನ್ನೊಬ್ಬ ಗೆಂತಾ ಆಗಿ ಕಾಟೋ. ಧಣಿ ಕುಡದರ ಕೆಡೋ ಮನಶಾ, ಅವನ್ನ ಕಾಯೂದ ಆಳಿನ ಪಾಡು. ಕೊನಿಗೆ ಧಣಿ ತನ್ನ ಆಳಿನ ಸಮ ಕೂತು ಕುಡದ ಅನ್ನೋ ತಪ್ಪಿಗೆ ಉಳದ ಸಮುರಾಯ್‌ಗಳು ಜಗಳ ತಗದು ಇಬ್ಬರನ್ನೂ ಕಡೀತಾರ. ಆಳಿನ ಪಾರ್ಟು ಮಾಡೋರಿಗೆ ಇದರಂಥಾ ಪಾಠ ಇಲ್ಲ. ಗೆಂತಾ ಧಣಿ ಮುಂದ ಬಾಗೂದು ಒಂದು ರೀತಿ, ಗೊನ್‌ಪಾಚಿ ಸಂಗಾಟ ಹಾದಿ ನಡಿಯೂದು ಇನ್ನೊಂದು ರೀತಿ. ನಮ್ಮ ಆಳಿನ ಪಾರ್ಟಿನವರು ಧಣಿ ಒಳಗ ಹೋದ ಮ್ಯಾಲೂ ಬಾಗೇ ನಿಂತಿರತಾರ, ಅದ ತಪ್ಪು.

ಹೆಣ್ಮಕ್ಕಳಿಗೆ ಕಾಟೋ ಅವರ ಅಕ್ಕ ಸದಾಕೊ ಅವರನ್ನ ತೋರಸ್ರಿ. ಮಿಝೊಗುಚಿ ಅವರ 1956ರ ‘ಅಕಾಸೆನ್ ಚಿತಾಯ್’ದಾಗ ಸೂಳೆಮನಿ ಯಜಮಾನನ ಹೆಂಡತಿ. ಕೆಟ್ಟ ಹೆಂಗಸಂತ ಕೂಗಿ ಆಡಿಲ್ಲ, ಅಂಗಡಿ ಲೆಕ್ಕ ನೋಡೋ ಗೃಹಿಣಿಯಂಗ ಆಡ್ಯಾರ. ಅದಕ್ಕ ಎದಿ ಝಲ್ ಅಂತೈತಿ.

ತಾಲೀಮಿನ ಕ್ರಮ ಹಿಂಗ ಮಾಡ್ರಿ. ಒಂದ ತುಣುಕು ಮೂರು ಸಲ. ಮೊದಲನೇದು ದನಿ, ಸಾಲು ಎಲ್ಲಾ ಕೂಡಿ, ಕಥಿ ತಿಳೀಲಿಕ್ಕೆ. ಎರಡನೇದು ಸಾಲು ತಗದು, ದನಿ ಪೂರಾ ಬಂದ್ ಮಾಡಿ. ಮೂರನೇ ಸಲಕ್ಕ ಪ್ರೊಜೆಕ್ಟರ್ ಲೆನ್ಸಿನ ಮುಂದ ಒಂದು ಫೂಟು ದೂರದಾಗ ರಟ್ಟು ಹಿಡಿದು ನಾಯಕನ ನೆರಳು ಮಾಡ್ರಿ, ಅವ ಸರದಂಗ ರಟ್ಟೂ ಸರೀಬೇಕು. ಉಳದವ ಏನ ಮಾಡಾಕತ್ಯಾನ ಅನ್ನೂದು ಆವಾಗ ಎದ್ದು ಕಾಣತೈತಿ. ಆಮ್ಯಾಲೆ ನೀವು ಆಡೋ ನಾಟಕದ್ದ ಒಂದು ಸೀನು ತಗೋರಿ. ಕಂದಗಲ್ಲ ಹನುಮಂತರಾಯರ ‘ರಕ್ತರಾತ್ರಿ’ ಹಂತಾದ್ದಾದ್ರ ಮಾತಿನ ಭಾರ ಜಾಸ್ತಿ ಇರೋದ್ರಿಂದ ಇನ್ನೂ ಛಲೋ. ಪೋಷಕ ಪಾರ್ಟಿನವನ ಮಾತು ಪೂರಾ ತಗದುಬಿಡ್ರಿ, ನಾಯಕ ಅಷ್ಟ ಮಾತಾಡ್ಲಿ. ನೋಡೋರಿಗೆ ಆ ಮೂಕ ಮನಶಾ ಯಾರ ಪೈಕಿ, ನಾಯಕನ ಮಾತು ನಂಬತಾನೋ ಇಲ್ಲೋ ಅನ್ನೂದು ತಿಳೀಬೇಕು. ತಿಳದ ಮ್ಯಾಲೆ ಮಾತು ತಿರುಗಿ ಕೊಡ್ರಿ.

ಇಲ್ಲಿ ಆಗೋ ತಪ್ಪು: ಕಂಬದಂಗ ನಿಂತವ ಈಗ ಒಂದ ಸವನ ಕೈ ಆಡಸಾಕ, ತಲಿ ಅಲ್ಲಾಡಸಾಕ ಶುರು ಮಾಡತಾನ. ನಾಯಕನ ಮಾತು ಕೆಡತೈತಿ. ಕೇಳೂದಂದ್ರ ಅಲ್ಲಾಡೂದಲ್ಲ. ಒಂದು ಸೀನಿಗೆ ಮೈ ಎರಡ ಸಲ ಬದಲಾಗಲಿ, ಅದೂ ಸುದ್ದಿ ಬದಲಾದಾಗ ಅಷ್ಟ. ಶ್ರೀಕೃಷ್ಣ ಪಾರಿಜಾತದಾಗ ಛಲೋ ಭಾಗವತ ಇದ್ದರ ನೋಡ್ರಿ, ದೂತಿ ಮಾತಾಡುವಾಗ ಅವನ ಕಣ್ಣು ಅಷ್ಟ ಕೆಲಸ ಮಾಡತಾವ.

ಗುಮ್ಮಟದ ಓಣಿ, ವಿಜಯಪುರ:

ಇಬ್ಬರಿಗೂ ಶರಣ್ರಿ, ಕ್ರಮ ಹಂಗೇ ಬರಕೊಂಡೀನಿ. ಕನ್ನಡ ಸಾಲು ನಾವೇ ಟೈಪ್ ಮಾಡೋರು, ನುಡಿ ತಂತ್ರಾಂಶದೊಳಗ. ಪರದೆ 12 ಫೂಟು ಅಗಲದ್ದು ಸಿಕ್ಕದ. ಇನ್ನೊಂದು ಕೇಳೂದದ: ಯುದ್ಧದಾಗ ನ್ಯೂಗಿನಿಯಾಕ್ಕ ಹೋಗಿ ಕಾಟೋ ಅವರು ಅಲ್ಲೇ ನಾಟಕ ಆಡಿದ್ರು ಅಂತಾರ, ಖರೆ ಏನು?

ಪರದೆ ಹಿಂದಿನ ಮಾತು, ಬೆಳಗಾವಿ:

ಪರದೆ, ಸಾಲು ಇವೆರಡರ ಬಗ್ಗೆ ನಾನು ಹೇಳುತ್ತೇನೆ. 12 ಫೂಟು ಅಗಲದ ಮಾಮೂಲಿ ಪರದೆಯ ಎತ್ತರ 6 ಫೂಟು 9 ಇಂಚು. ‘ರಾಶೊಮೊನ್’, ‘ಸೆವೆನ್ ಸಮುರಾಯ್’, ಓಝು ಚಿತ್ರ ಮೂರೂ ಹಳೆಯ ಅಳತೆಯವು, ಎತ್ತರ 1 ಇದ್ದರೆ ಅಗಲ 1.37. ಪರದೆಯ ನಡುವೆ ಸುಮಾರು 9 ಫೂಟು 3 ಇಂಚು ಅಗಲ ಕಾಣುತ್ತವೆ, ಎರಡೂ ಬದಿ ಕಪ್ಪು. ಅದನ್ನು ‘ಹಿಗ್ಗಿಸಿ’ ತುಂಬಬೇಡಿರಿ, ಕಾಟೋ ಅವರ ದುಂಡು ಮುಖ ಕುಂಬಳಕಾಯಿ ಆಗುತ್ತದೆ. ‘ಯೋಜಿಂಬೊ’ ಮತ್ತು ನಾರುಸೆ ಚಿತ್ರ ಅಗಲ ತೆರೆಯವು, 2.35. ಪೂರ್ತಿ 12 ಫೂಟು ಅಗಲ, 5 ಫೂಟು ಚಿಲ್ಲರೆ ಎತ್ತರ. ಕೆಳಗೆ ಸುಮಾರು 10 ಇಂಚಿನ ಕಪ್ಪು ಪಟ್ಟಿ ಉಳಿಯುತ್ತದೆ. ಕನ್ನಡ ಸಾಲು ಅಲ್ಲಿಗೆ ಇಳಿಸಿರಿ.

ಅಗಲ ತೆರೆಯ ಚಿತ್ರವನ್ನು ಹಳೆಯ ಟಿವಿಗಾಗಿ ಕತ್ತರಿಸಿದ ಪ್ರತಿ ಯಾವ ಕಾರಣಕ್ಕೂ ಬೇಡ. ಅದರಲ್ಲಿ ಅಗಲದ ನೂರಕ್ಕೆ 43 ಪಾಲು ಹೋಗಿರುತ್ತದೆ, ಹೋಗುವುದು ಅಂಚಿನದು. ಅಂಚಿನಲ್ಲಿ ನಿಂತವರು ಯಾರು? ನೀವು ತೋರಿಸಬೇಕೆಂದವರೇ. ಪರದೆಯ ಮೇಲೆ ಒಬ್ಬ ನಟ ಅರ್ಧ ಭುಜ ಮಾತ್ರ ಕಂಡರೆ, ಅಥವಾ ಮಾತಾಡುವವ ಕಾಣದೆ ದನಿಯಷ್ಟೇ ಕೇಳಿದರೆ ಕತ್ತರಿಸಿದ ಪ್ರತಿ ಎಂದು ತಿಳಿಯಿರಿ. ಬೇರೆ ಭಾಷೆಯ ದನಿ ಕೂಡಿಸಿದ್ದೂ ಬೇಡ, ಕಾಟೋ ಅವರ ನಟನೆಯ ಅರ್ಧ ಪಾಲು ಗಂಟಲಲ್ಲಿದೆ.

ನುಡಿಯಲ್ಲಿ ಟೈಪ್ ಮಾಡುವಾಗ ಯೂನಿಕೋಡ್ ಆಯ್ದುಕೊಳ್ಳಿರಿ. ಹಳೆಯ ನುಡಿ ಅಕ್ಷರದಲ್ಲಿ ಹೊಡೆದದ್ದು ಪ್ಲೇಯರಿನಲ್ಲಿ ಅರ್ಥವಿಲ್ಲದ ಗುರುತುಗಳಾಗಿ ಬರುತ್ತದೆ. ಈಗಾಗಲೇ ಹೊಡೆದಿದ್ದರೆ ನುಡಿಯ ಪರಿವರ್ತಕದಲ್ಲಿ ಬದಲಿಸಿ, ಕಡತವನ್ನು ಯುಟಿಎಫ್-8 ಆಗಿ ಉಳಿಸಿರಿ. ಒತ್ತಕ್ಷರ ಒಡೆದು ಪಕ್ಕಕ್ಕೆ ಬಿದ್ದರೆ ಅದು ಪ್ಲೇಯರಿನ ದೋಷ, ಹೊಸ ಆವೃತ್ತಿ ಹಾಕಿ ನೋಟೊ ಸಾನ್ಸ್ ಕನ್ನಡ ಅಕ್ಷರ ಆಯ್ದು ನೋಡಿರಿ. ಒಂದು ಸಲಕ್ಕೆ ಎರಡು ಸಾಲು, ಸಾಲಿಗೆ ಐದಾರು ಪದ. ಮಾತಿಗೆ ಮಾತು ಅನುವಾದ ಬೇಡ, ಕಣ್ಣು ಕೆಳಗೇ ಉಳಿಯುತ್ತದೆ.

ಮಾತಿಗೂ ಸಾಲಿಗೂ ಹೊತ್ತು ತಪ್ಪುವುದು ಎರಡು ಬಗೆ. ಮೊದಲಿಂದ ಕೊನೆತನಕ ಒಂದೇ ಅಂತರ ಇದ್ದರೆ ವಿಎಲ್‌ಸಿ ಪ್ಲೇಯರಿನಲ್ಲಿ ಜಿ, ಎಚ್ ಕೀ ಒತ್ತಿ ಸರಿಮಾಡಬಹುದು. ಹೋಗುತ್ತ ಹೋಗುತ್ತ ಅಂತರ ಬೆಳೆದರೆ ಕೀ ಒತ್ತಿ ಪ್ರಯೋಜನವಿಲ್ಲ: ಸಾಲು ಸೆಕೆಂಡಿಗೆ 25 ಚೌಕಟ್ಟಿನ (ಫ್ರೇಮಿನ) ಪ್ರತಿಗೆ ಮಾಡಿದ್ದು, ನಿಮ್ಮ ಚಿತ್ರ 24ರದು. 25 ನಿಮಿಷಕ್ಕೆ 1 ನಿಮಿಷ ಜಾರುತ್ತದೆ. ‘ಸೆವೆನ್ ಸಮುರಾಯ್’ ಮುಗಿಯುವಷ್ಟರಲ್ಲಿ 8 ನಿಮಿಷ. ಸಾಲು ತಿದ್ದುವ ತಂತ್ರಾಂಶದಲ್ಲಿ ಚೌಕಟ್ಟಿನ ವೇಗ ಬದಲಿಸುವ ಆಯ್ಕೆ ಇರುತ್ತದೆ, ಅಲ್ಲಿ 25ರಿಂದ 24ಕ್ಕೆ ತನ್ನಿರಿ. ನಾರುಸೆ ಚಿತ್ರವನ್ನು ಹಿಂದಿನ ದಿನ ಕೊನೆಯ ಹತ್ತು ನಿಮಿಷ ಓಡಿಸಿ ನೋಡಿದರೆ ಸಾಕು, ಗೊತ್ತಾಗುತ್ತದೆ.

ಮನೆಬಳಕೆಗೆ ಕೊಂಡ ಡಿಸ್ಕಿನಿಂದ ಸಾರ್ವಜನಿಕ ಪ್ರದರ್ಶನದ ಹಕ್ಕು ಬರುವುದಿಲ್ಲ. ಹಕ್ಕುದಾರರ ಪರವಾನಗಿ ಬೇಕು. ದೆಹಲಿಯ ಜಪಾನ್ ಫೌಂಡೇಶನ್ನಿಗೆ ಚಿತ್ರಗಳ ಹೆಸರು, ತಾರೀಖು, ಎಷ್ಟು ಮಂದಿ, ಟಿಕೆಟ್ ಇಲ್ಲ ಎಂಬ ವಿವರ ಬರೆದು ಮುಂಚೆಯೇ ದಾರಿ ಕೇಳಿರಿ.

ಕೋಟೆ ಕೆರೆ ದಂಡೆ, ಬೆಳಗಾವಿ:

ನ್ಯೂಗಿನಿಯಾ ಮಾತು ನಿಜ ಸರ್. ಸೈನ್ಯಕ್ಕೆ ಕರೆ ಬಂದು ಪಶ್ಚಿಮ ನ್ಯೂಗಿನಿಯಾದ ಮನೊಕ್ವಾರಿಗೆ ಹೋದರು, ವೈದ್ಯಕೀಯ ದಳದಲ್ಲಿದ್ದರು. ಸರಬರಾಜು ಕಡಿದು ಹೋಗಿ, ಹಸಿವು ಮತ್ತು ಮಲೇರಿಯಾದಿಂದ ಮಂದಿ ಸಾಯುತ್ತಿದ್ದ ಜಾಗ. ಅಲ್ಲಿ ಸೈನಿಕರೊಳಗಿಂದಲೇ ತಂಡ ಕಟ್ಟಿ, ರಂಗ ಕಟ್ಟಿ ನಾಟಕ ಆಡಿಸಿದರು. ಒಂದು ನಾಟಕದಲ್ಲಿ ಕಾಗದದ ಚೂರುಗಳಿಂದ ಹಿಮ ಬೀಳಿಸಿದಾಗ ಜಪಾನಿನ ಈಶಾನ್ಯದ ಹಿಮದ ಸೀಮೆಯಿಂದ ಬಂದ ಸೈನಿಕರು ಅತ್ತರು. ಅದನ್ನು ಅವರೇ ಬರೆದರು, ಪುಸ್ತಕದ ಹೆಸರು ‘ದಕ್ಷಿಣದ ದ್ವೀಪದಲ್ಲಿ ಹಿಮ ಬೀಳುತ್ತದೆ’. 1961ರಲ್ಲೇ ಸಿನಿಮಾ ಆಯಿತು, ಅವರೇ ನಟಿಸಿದರು. ಅದರ ಮರುವರ್ಷವೇ ಓಝು ಚಿತ್ರದ ಆ ಬಾರಿನ ಸೀನು. ಯುದ್ಧ ಸೋತದ್ದರ ಮಾತಿಗೆ ಅವರು ಒಂದು ಗಳಿಗೆ ತಡೆಯುವುದನ್ನು ಈ ವಿಷಯ ಗೊತ್ತಿದ್ದು ನೋಡಿದರೆ ಬೇರೆಯೇ ಕಾಣುತ್ತದೆ. ಆದರೆ ಶಿಬಿರದಲ್ಲಿ ಇದನ್ನು ಮೊದಲೇ ಹೇಳಬೇಡಿರಿ, ತುಣುಕು ಎರಡು ಸಲ ಓಡಿದ ಮೇಲೆ ಹೇಳಿ ಮೂರನೆಯ ಸಲ ತೋರಿಸಿರಿ.

ಬಾಗಲಕೋಟೆಯವರು ಹೇಳಿದ ‘ಚಿಯಾರಿ ಫುಜಿ’ಯನ್ನು ‘ಸೆವೆನ್ ಸಮುರಾಯ್’ ಮತ್ತು ನಾರುಸೆ ಚಿತ್ರದ ನಡುವೆ ಇಡಬಹುದು. ಒಡೆಯನ ಜೊತೆಗಾರ, ಆಳು, ಮೋಸಗಾರ, ಹುಂಬ, ಹಳೆಯ ಸಿಪಾಯಿ ಎಂದು ಸಾಲು ಕೂಡುತ್ತದೆ. ಒಂದು ಎಚ್ಚರ: ಅವರು 1956ರಿಂದ 1970ರವರೆಗೆ ತೋಹೋ ಕಂಪನಿ ತೆಗೆದ ‘ಶಾಚೊ’ ಹಾಸ್ಯ ಮಾಲೆಯಲ್ಲೂ ಮೇಲಿಂದ ಮೇಲೆ ಬರುತ್ತಾರೆ, ಮೊರಿಶಿಗೆ ಹಿಸಾಯಾ ಅವರ ಕಂಪನಿ ಮಾಲೀಕನ ಕೈಕೆಳಗಿನ ನಿಷ್ಠಾವಂತ ಅಧಿಕಾರಿಯಾಗಿ. ನೋಡಲು ಚೆಂದ, ಆದರೆ ಹಾಸ್ಯ ಆ ಕಾಲದ ಆಫೀಸಿನ ರೀತಿ-ನೀತಿಯ ಮೇಲೆ ನಿಂತಿದೆ. ಕನ್ನಡ ಸಾಲಿನಲ್ಲಿ ಅರ್ಧ ಸೋರಿ ಹೋಗುತ್ತದೆ. ಎರಡು ದಿನದ ಶಿಬಿರಕ್ಕೆ ಅದು ಬೇಡ.

ಗುಮ್ಮಟದ ಓಣಿ, ವಿಜಯಪುರ:

ಆತ್ರಿ. ಮೊದಲನೇ ದಿನ ಮುಂಜಾನೆ ‘ರಾಶೊಮೊನ್’, ಶಿಚಿರೋಜಿ; ಮಧ್ಯಾಹ್ನ ಗೆಂತಾ ನೋಡಿ ಮೂಕ ತಾಲೀಮು; ಸಂಜಿಗೆ ನಾರುಸೆ ಪೂರ್ತಿ. ಎರಡನೇ ದಿನ ಸದಾಕೊ ಅವರ ತುಣುಕು, ಇನೊಕಿಚಿ, ಸಕಾಮೊತೊ, ಆಮ್ಯಾಲೆ ಮಾತು ತಿರುಗಿ ಕೊಟ್ಟು ನಮ್ಮ ಸೀನು. ರಟ್ಟು ಹಿಡಿಯೋ ಕೆಲಸ ದಳಪತಿ ಪಾರ್ಟಿನವಗ ಹಚ್ಚತೀನಿ, ನಾಯಕ ಎಲ್ಲಿ ಸರೀತಾನ ಅಂತ ಅವನೇ ಕಣ್ಣಿಟ್ಟು ನೋಡಬೇಕಾಗ್ತದ.